ತೆಂಗಿನ ಸೀಮೆಯ ಕಾಲಗಣನೆ

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ತಾಲ್ಲೂಕುಗಳ ತೆಂಗಿನ ಸೀಮೆಯಲ್ಲಿ ಕಾಲಕ್ಕೆ ಒಂದೇ ಲೆಕ್ಕವಿಲ್ಲ. ಬಿತ್ತನೆಗೆ ಮಳೆ ನಕ್ಷತ್ರದ ಲೆಕ್ಕ, ಹಬ್ಬಕ್ಕೆ ತಿಥಿಯ ಲೆಕ್ಕ, ಕೂಲಿಗೂ ವ್ಯಾಪಾರಕ್ಕೂ ವಾರದ ಲೆಕ್ಕ, ಬ್ಯಾಂಕಿಗೂ ಶಾಲೆಗೂ ಇಂಗ್ಲಿಷ್ ತಾರೀಖಿನ ಲೆಕ್ಕ. ಇವೆಲ್ಲದರ ಜೊತೆಗೆ ತೆಂಗಿನ ಮರದ್ದೇ ಒಂದು ಲೆಕ್ಕ, ಕೊಬ್ಬರಿ ಅಟ್ಟದ್ದು ಇನ್ನೊಂದು. ಇವು ಒಂದನ್ನೊಂದು ಅಳಿಸಿಹಾಕದೆ ಜೊತೆಯಾಗಿಯೇ ನಡೆದುಬಂದಿವೆ. ಯಾವ ಕೆಲಸಕ್ಕೆ ಯಾವ ಲೆಕ್ಕ ಹಿಡಿಯಬೇಕು ಎಂಬುದನ್ನು ತಿಳಿದಿರುವುದು ಇಲ್ಲಿನ ಬೇಸಾಯದ ಮುಖ್ಯ ಜಾಣ್ಮೆ.

ಮೊದಲು ಮಳೆ ನಕ್ಷತ್ರ. ಪಂಚಾಂಗದಲ್ಲಿ ದಿನದಿನವೂ ಬದಲಾಗುವ ನಕ್ಷತ್ರ ಚಂದ್ರನದು. ರೈತರ ಮಾತಿನಲ್ಲಿ ಬರುವ ನಕ್ಷತ್ರ ಸೂರ್ಯನದು. ಸೂರ್ಯ ವರ್ಷಕ್ಕೊಂದು ಸುತ್ತು ಬರುವ ಹಾದಿಯನ್ನು 27 ಸಮಭಾಗ ಮಾಡಿ, ಒಂದೊಂದು ಭಾಗಕ್ಕೆ ಅಲ್ಲಿರುವ ನಕ್ಷತ್ರದ ಹೆಸರಿಟ್ಟಿದ್ದಾರೆ. ಪ್ರತಿ ಭಾಗವೂ 13 ಡಿಗ್ರಿ 20 ಕಲೆ. ಅದನ್ನು ದಾಟಲು ಸೂರ್ಯನಿಗೆ ಸರಾಸರಿ ಹದಿಮೂರೂವರೆ ದಿನ ಬೇಕು. ಭೂಮಿ ಸೂರ್ಯನಿಂದ ದೂರವಿರುವ ಜುಲೈ ಸುಮಾರಿನಲ್ಲಿ ಒಂದು ನಕ್ಷತ್ರಕ್ಕೆ 14 ದಿನ ಹಿಡಿಯುತ್ತದೆ. ಹತ್ತಿರವಿರುವ ಜನವರಿಯಲ್ಲಿ 13 ದಿನಕ್ಕೇ ಮುಗಿಯುತ್ತದೆ. ಒಂದೊಂದು ನಕ್ಷತ್ರಕ್ಕೂ ನಾಲ್ಕು ಪಾದ, ಪಾದಕ್ಕೆ ಸುಮಾರು ಮೂರೂವರೆ ದಿನ. ‘ಯಾವ ಮಳೆ ನಡೀತಿದೆ?’ ಎಂಬ ಪ್ರಶ್ನೆಗೆ ‘ರೋಣಿ ಎರಡನೇ ಪಾದ’ ಎಂಬ ಉತ್ತರ ಸಿಕ್ಕರೆ, ಕೇಳಿದವರಿಗೆ ತಾರೀಖು ಮೂರು-ನಾಲ್ಕು ದಿನದ ಅಂತರದೊಳಗೆ ತಿಳಿದಂತಾಯಿತು. ಮಳೆ ಬಂದಿರಲಿ ಬಿಡಲಿ, ಮಳೆ ‘ನಡೆಯುತ್ತದೆ’. ಬಿಸಿಲು ಸುಡುತ್ತಿದ್ದರೂ ಆ ಹದಿಮೂರು-ಹದಿನಾಲ್ಕು ದಿನ ರೋಹಿಣಿ ಮಳೆಯೇ. ಇನ್ನೊಂದು ಮಾತು: ರೋಹಿಣಿ ಮಳೆ ನಡೆಯುವಾಗ ರೋಹಿಣಿ ನಕ್ಷತ್ರ ಕಣ್ಣಿಗೆ ಬೀಳುವುದಿಲ್ಲ. ಸೂರ್ಯ ಅದರ ಜೊತೆಗೇ ಹುಟ್ಟಿ ಮುಳುಗುವುದರಿಂದ ಅದು ಹಗಲಿನ ಬೆಳಕಿನಲ್ಲಿ ಮರೆಯಾಗಿರುತ್ತದೆ. ಆದ್ದರಿಂದ ಈ ಲೆಕ್ಕ ನೋಟದಿಂದ ಮಾತ್ರ ಹುಟ್ಟಿದ್ದಲ್ಲ, ಗಣಿತದಿಂದ ಕಟ್ಟಿದ್ದು.

ಹೆಸರುಗಳು ಇಲ್ಲಿನ ಬಾಯಲ್ಲಿ ಸಲೀಸಾಗಿವೆ. ಆರ್ದ್ರಾ ಆರಿದ್ರೆಯಾಗಿದೆ, ಪೂರ್ವ ಫಲ್ಗುನಿ ಹುಬ್ಬೆಯಾಗಿದೆ, ಮಘಾ ಮಘೆಯಾಗಿದೆ. ಇಪ್ಪತ್ತೇಳರಲ್ಲಿ ಮಾತಿನಲ್ಲಿ ಹೆಚ್ಚಾಗಿ ಬಳಕೆಯಾಗುವುದು ಅಶ್ವಿನಿಯಿಂದ ವಿಶಾಖೆಯವರೆಗಿನ ಹದಿನಾರು. ಉಳಿದವು ಸುಗ್ಗಿ, ಚಳಿ, ಬೇಸಿಗೆಯ ತಿಂಗಳುಗಳಲ್ಲಿ ಬಂದು ಪಂಚಾಂಗದ ಪುಟದಲ್ಲೇ ಕಳೆದುಹೋಗುತ್ತವೆ.

ಅಶ್ವಿನಿ ಏಪ್ರಿಲ್ 13-14ಕ್ಕೆ ಹುಟ್ಟುತ್ತದೆ. ಭರಣಿ 27ರ ಸುಮಾರಿಗೆ, ಕೃತ್ತಿಕೆ ಮೇ 11ಕ್ಕೆ, ರೋಹಿಣಿ ಮೇ 25ಕ್ಕೆ, ಮೃಗಶಿರ ಜೂನ್ 8ಕ್ಕೆ, ಆರಿದ್ರೆ ಜೂನ್ 22ಕ್ಕೆ. ಈ ಮೂರು ತಾಲ್ಲೂಕುಗಳ ಹೊಲಗಳಿಗೆ ಅತಿ ಮುಖ್ಯವಾದ ತೀರ್ಮಾನ ಭರಣಿ ಮತ್ತು ಕೃತ್ತಿಕೆಯ ನಡುವೆ ಆಗುತ್ತದೆ. ಪೂರ್ವ ಮುಂಗಾರಿನ ಹದ ಸಿಕ್ಕರೆ ಹೆಸರು, ಅಲಸಂದೆ, ಉದ್ದು, ಎಳ್ಳು ಬಿತ್ತುತ್ತಾರೆ. ಹೆಸರು 65-70 ದಿನದ ಬೆಳೆ, ಅಂದರೆ ಐದು ಮಳೆಯ ಬೆಳೆ. ಭರಣಿಯಲ್ಲಿ ಬಿತ್ತಿದ್ದು ಆರಿದ್ರೆ ಮುಗಿಯುವ ಹೊತ್ತಿಗೆ ಕಾಯಿ ಬಿಡಿಸಲು ಬರುತ್ತದೆ. ಅದೇ ಹೊಲವನ್ನು ಉತ್ತು ಪುನರ್ವಸು, ಪುಷ್ಯ ಮಳೆಗಳಲ್ಲಿ, ಅಂದರೆ ಜುಲೈ ತಿಂಗಳಲ್ಲಿ, ರಾಗಿ ಬಿತ್ತಬಹುದು. ನಡುವೆ ಅಕ್ಕಡಿ ಸಾಲಿನಲ್ಲಿ ಅವರೆ, ತೊಗರಿ, ಹುಚ್ಚೆಳ್ಳು. ಕೃತ್ತಿಕೆ ಕಳೆದು ಬಿತ್ತಿದ ಹೆಸರು ರಾಗಿಯ ಕಾಲವನ್ನು ತಿಂದುಹಾಕುತ್ತದೆ. ಹೀಗೆ ಒಂದು ಹೊಲದಿಂದ ಒಂದೇ ಮಳೆಗಾಲದಲ್ಲಿ ಎರಡು ಬೆಳೆ ತೆಗೆಯುವ ಇಡೀ ಲೆಕ್ಕಾಚಾರ ಏಳೆಂಟು ನಕ್ಷತ್ರಗಳ ಎಣಿಕೆಯ ಮೇಲೆ ನಿಂತಿದೆ.

ಆರಿದ್ರೆ ಮಲೆನಾಡಿನಲ್ಲಿ ಹೊಳೆ ತುಂಬಿಸುವ ಮಳೆ. ತೆಂಗಿನ ಸೀಮೆ ಪಶ್ಚಿಮ ಘಟ್ಟದ ಮಳೆ ನೆರಳಿನಲ್ಲಿರುವುದರಿಂದ ಇಲ್ಲಿ ಅದು ಗಾಳಿ, ಮೋಡ, ತುಂತುರು. ಆಷಾಢದ ಗಾಳಿಗೆ ತೆಂಗಿನ ಸೋಗೆಗಳು ಒಂದೇ ದಿಕ್ಕಿಗೆ ಬಾಚಿದಂತೆ ಬಾಗುವುದು ಈ ಮಳೆಗಳಲ್ಲೇ. ವರ್ಷಕ್ಕೆ 600-700 ಮಿಲಿಮೀಟರ್ ಆಸುಪಾಸಿನಲ್ಲಿರುವ ಇಲ್ಲಿನ ಮಳೆಯಲ್ಲಿ ದೊಡ್ಡ ಪಾಲು ಬರುವುದು ಸೆಪ್ಟೆಂಬರ್-ಅಕ್ಟೋಬರಿನಲ್ಲಿ: ಹುಬ್ಬೆ, ಉತ್ತರೆ, ಹಸ್ತ, ಚಿತ್ತೆ. ಕೆರೆಗೆ ನೀರು ಬರುವುದು, ಹುರುಳಿ ಬಿತ್ತುವುದು, ತೆಂಗಿನ ಪಾತಿ ತುಂಬುವುದು, ರಾಗಿ ತೆನೆ ಹಾಲುಗಟ್ಟುವುದು ಎಲ್ಲವೂ ಈ ನಾಲ್ಕರ ಕೈಯಲ್ಲಿದೆ. ಅದಕ್ಕೂ ಮೊದಲು ಆಗಸ್ಟ್ 17ರಿಂದ ನಡೆಯುವ ಮಘೆಗೆ ವಿಶೇಷ ಗೌರವ. ಮಘೆ ಮಳೆ ಬಂದಷ್ಟೂ ಒಳ್ಳೆಯದು, ಮನೆ ಮಗ ಉಂಡಷ್ಟೂ ಒಳ್ಳೆಯದು ಎಂಬ ಗಾದೆ ಹಳೇ ಮೈಸೂರಿನ ಉದ್ದಕ್ಕೂ ಇದೆ. ರಾಗಿ ಪೈರು ತೆಂಡೆಯೊಡೆಯುವ ಕಾಲದಲ್ಲಿ ಬೀಳುವ ನೀರಿನ ಬೆಲೆ ಎಷ್ಟು ಎಂಬುದನ್ನು ಈ ಗಾದೆ ನೇರವಾಗಿ ಹೇಳುತ್ತದೆ.

ಮಳೆ ನಕ್ಷತ್ರದ ದೊಡ್ಡ ಗುಣ ಅದು ಸೂರ್ಯನಿಗೆ ಕಟ್ಟಿಕೊಂಡಿರುವುದು. ಚಾಂದ್ರಮಾನದ ವರ್ಷ 354 ದಿನದ್ದು, ಸೌರವರ್ಷಕ್ಕಿಂತ 11 ದಿನ ಕಡಿಮೆ. ಈ ಕೊರತೆ ತುಂಬಲು ಮೂವತ್ತೆರಡು-ಮೂವತ್ತಮೂರು ತಿಂಗಳಿಗೊಮ್ಮೆ ಅಧಿಕ ಮಾಸ ಸೇರಿಸುತ್ತಾರೆ. ಹೀಗಾಗಿ ಯುಗಾದಿ 2024ರಲ್ಲಿ ಏಪ್ರಿಲ್ 9ಕ್ಕೆ, 2025ರಲ್ಲಿ ಮಾರ್ಚ್ 30ಕ್ಕೆ, 2026ರಲ್ಲಿ ಮಾರ್ಚ್ 19ಕ್ಕೆ ಬಂತು. 2026ರಲ್ಲಿ ಜ್ಯೇಷ್ಠ ಮಾಸವೇ ಎರಡು: ಮೇ 17ರಿಂದ ಜೂನ್ 15ರವರೆಗೆ ಅಧಿಕ, ಆಮೇಲೆ ನಿಜ. ಜ್ಯೇಷ್ಠದಲ್ಲಿ ಇಂಥದ್ದು ಬಿತ್ತು ಎಂದು ಯಾರಾದರೂ ಸೂತ್ರ ಕಟ್ಟಿದ್ದರೆ ಇಂಥ ವರ್ಷದಲ್ಲಿ ಅದು ಒಂದು ತಿಂಗಳಷ್ಟು ತಪ್ಪುತ್ತಿತ್ತು. ರೋಹಿಣಿ ಮಾತ್ರ ಅಧಿಕ ಮಾಸ ಬಂದರೂ ಬರದಿದ್ದರೂ ಮೇ 25ರ ಸುಮಾರಿಗೇ ಬರುತ್ತದೆ. ಹಬ್ಬಕ್ಕೆ ಚಂದ್ರ, ಬೇಸಾಯಕ್ಕೆ ಸೂರ್ಯ ಎಂದು ಹಿಂದಿನವರು ಮಾಡಿಕೊಂಡ ಈ ವಿಂಗಡಣೆ ಬಹಳ ವಿವೇಕದ್ದು. ಹವಾಮಾನ ಇಲಾಖೆಯವರೂ ಕೃಷಿ ವಿಜ್ಞಾನಿಗಳೂ ಇಂದು ವರ್ಷವನ್ನು 52 ಪ್ರಮಾಣಿತ ವಾರಗಳಾಗಿ ಒಡೆದು ಮಳೆಯ ಸರಾಸರಿ ತೆಗೆಯುತ್ತಾರೆ. ಒಂದು ಮಳೆ ನಕ್ಷತ್ರಕ್ಕೆ ಹೆಚ್ಚುಕಡಿಮೆ ಅಂಥ ಎರಡು ವಾರ.

ಈ ಲೆಕ್ಕಕ್ಕೆ ಒಂದು ಸಣ್ಣ ಜಾರುವಿಕೆ ಇದೆ. ಭೂಮಿಯ ಅಕ್ಷ ಬುಗುರಿಯ ಹಾಗೆ ನಿಧಾನವಾಗಿ ಓಲಾಡುವುದರಿಂದ ನಕ್ಷತ್ರಗಳ ಹಿನ್ನೆಲೆಯೂ ಋತುಗಳೂ ಒಂದಕ್ಕೊಂದು ಸರಿಯುತ್ತಾ ಹೋಗುತ್ತವೆ. ಸುಮಾರು 72 ವರ್ಷಕ್ಕೆ ಒಂದು ದಿನ. ಸಾವಿರದೇಳುನೂರು ವರ್ಷಗಳ ಹಿಂದೆ ಹಗಲು-ರಾತ್ರಿ ಸಮನಾಗುವ ಮಾರ್ಚಿನ ದಿನಕ್ಕೇ ಅಶ್ವಿನಿ ಹುಟ್ಟುತ್ತಿತ್ತು. ಇಂದು ಸುಮಾರು 24 ದಿನ ತಡವಾಗಿ ಹುಟ್ಟುತ್ತದೆ. ತಿಪಟೂರು ತಾಲ್ಲೂಕಿನ ವಿಘ್ನಸಂತೆಯಲ್ಲಿ ಹೊಯ್ಸಳರ ಕಾಲದ ಲಕ್ಷ್ಮೀನರಸಿಂಹ ದೇವಾಲಯ ಎದ್ದ 1286ರಿಂದ ಈಚೆಗೆ ಲೆಕ್ಕ ಹಿಡಿದರೂ ಹತ್ತು-ಹನ್ನೆರಡು ದಿನದ ವ್ಯತ್ಯಾಸ, ಅಂದರೆ ಹತ್ತಿರಹತ್ತಿರ ಒಂದು ಪೂರ್ತಿ ಮಳೆ. ಆ ದೇವಾಲಯ ಕಟ್ಟಿದವರ ಕಾಲದಲ್ಲಿ ಮೃಗಶಿರ ಎಂದು ಕರೆಸಿಕೊಳ್ಳುತ್ತಿದ್ದ ದಿನಗಳ ಬಹುಭಾಗಕ್ಕೆ ಇಂದು ರೋಹಿಣಿ ಎಂದು ಹೆಸರು. ಆದ್ದರಿಂದ ಮಳೆಯ ಗಾದೆಗಳನ್ನು ಇಂದಿನ ಮಳೆಗೆ ಹೊಂದಿಸುವಾಗ ಗಾದೆಯ ವಯಸ್ಸನ್ನೂ ನೆನೆಯಬೇಕಾಗುತ್ತದೆ. ಗಾದೆ ಸುಳ್ಳಾಯಿತು ಎನ್ನುವವರು ಹವಾಮಾನ ಬದಲಾವಣೆಯ ಜೊತೆಗೆ ಇದನ್ನೂ ಗಣನೆಗೆ ತೆಗೆದುಕೊಳ್ಳುವುದು ನ್ಯಾಯ.

ಹೊಸದಾಗಿ ಕಾಲಗಣನೆ ಕಟ್ಟುವ ಪ್ರಯತ್ನಗಳು ಲೋಕದಲ್ಲಿ ಹಲವು ನಡೆದಿವೆ. ಫ್ರಾನ್ಸಿನ ಕ್ರಾಂತಿಕಾರಿಗಳು 1793ರಲ್ಲಿ ತಲಾ 30 ದಿನಗಳ 12 ತಿಂಗಳು ಮಾಡಿ, ಅವಕ್ಕೆ ಮಳೆ, ಮಂಜು, ಮೊಳಕೆ, ಸುಗ್ಗಿಗಳ ಹೆಸರಿಟ್ಟರು. ದಿನಕ್ಕೆ ಹತ್ತು ಗಂಟೆ, ಗಂಟೆಗೆ ನೂರು ನಿಮಿಷ ಎಂದರು. ಹತ್ತು ಗಂಟೆಯ ದಿನ ಎರಡು ವರ್ಷವೂ ಬಾಳಲಿಲ್ಲ. ಪಂಚಾಂಗವೇ 1806ರ ಜನವರಿ 1ರಂದು ರದ್ದಾಯಿತು. ಇಂಗ್ಲಿಷ್ ಲೇಖಕ ಟೋಲ್ಕೀನ್ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಕೃತಿಯ ಕಲ್ಪಿತ ಲೋಕಕ್ಕೆ ಇಂಥದ್ದೇ ಪಂಚಾಂಗ ಹೊಸೆದ. ಅಲ್ಲಿಯೂ ತಿಂಗಳಿಗೆ ಮೂವತ್ತೇ ದಿನ, ಮಿಕ್ಕ ಐದು ದಿನ ಯಾವ ತಿಂಗಳಿಗೂ ಸೇರದೆ ಹಬ್ಬದ ದಿನಗಳಾಗಿ ಉಳಿಯುತ್ತವೆ. ಎರಡರಲ್ಲೂ ಮೂವತ್ತರ ಭಾಗಾಕಾರಕ್ಕೆ ಸಿಗದ ದಿನಗಳನ್ನು ಎಲ್ಲಿ ಇಡುವುದು ಎಂಬ ತೊಡಕು ಇದೆ. ಮಳೆ ನಕ್ಷತ್ರದಲ್ಲಿ ಆ ತೊಡಕೇ ಹುಟ್ಟುವುದಿಲ್ಲ, ಏಕೆಂದರೆ ಅಲ್ಲಿ ಭಾಗ ಮಾಡಿರುವುದು ದಿನಗಳನ್ನಲ್ಲ, ಸೂರ್ಯನ ಹಾದಿಯನ್ನು. ಇನ್ನೊಂದು ವ್ಯತ್ಯಾಸ ಹೆಸರಿನದು. ಪ್ಯಾರಿಸ್ಸಿನ ಹವೆಗೆ ಇಟ್ಟ ಹೆಸರು ಸಮುದ್ರದಾಚೆಯ ಫ್ರೆಂಚ್ ವಸಾಹತುಗಳಲ್ಲಿ ಅರ್ಥ ಕಳೆದುಕೊಂಡಿತು. ಆರಿದ್ರೆ ಎಂಬುದು ಆಕಾಶದ ಹೆಸರಾದ್ದರಿಂದ ಮಲೆನಾಡಿನ ತೀರ್ಥಹಳ್ಳಿಯಲ್ಲೂ ತಿಪಟೂರಿನಲ್ಲೂ ಸಲ್ಲುತ್ತದೆ. ಅದರ ಅರ್ಥವನ್ನು ಆಯಾ ಊರಿನವರು ತಾವೇ ತುಂಬಿಕೊಳ್ಳುತ್ತಾರೆ.

ತಿಥಿಯ ಲೆಕ್ಕದಲ್ಲಿ ವರ್ಷ ಆರಂಭವಾಗುವುದು ಯುಗಾದಿಗೆ. ಅಂದು ಅಥವಾ ಮೊದಲ ಬಿತ್ತನೆಗೆ ಮುನ್ನ ಎತ್ತುಗಳಿಗೆ ಪೂಜೆ ಮಾಡಿ ಹೊನ್ನಾರು ಕಟ್ಟುವ, ಅಂದರೆ ವರ್ಷದ ಮೊದಲ ಉಳುಮೆ ಮಾಡುವ, ಪದ್ಧತಿ ಇಲ್ಲಿದೆ. ಯಾರ ಹೆಸರಿನಲ್ಲಿ, ಯಾವ ಬಣ್ಣದ ಎತ್ತಿನಿಂದ ಆರಂಭಿಸಬೇಕು ಎಂಬುದನ್ನೂ ಪಂಚಾಂಗ ನೋಡಿಯೇ ಗೊತ್ತು ಮಾಡುತ್ತಾರೆ. ಸಂಜೆ ದೇವಸ್ಥಾನದಲ್ಲೋ ಅರಳಿಕಟ್ಟೆಯಲ್ಲೋ ಪಂಚಾಂಗ ಶ್ರವಣ. ವರ್ಷದ ರಾಜ, ಮಂತ್ರಿ, ಮೇಘಾಧಿಪತಿ, ಸಸ್ಯಾಧಿಪತಿ ಯಾರೆಂದು ಓದಿ ಹೇಳುತ್ತಾರೆ. ಇದರ ಹಿಂದಿನ ನಿಯಮ ಸರಳ: ಯುಗಾದಿ ಬಂದ ವಾರದ ಗ್ರಹ ರಾಜ, ಸೂರ್ಯ ಮೇಷಕ್ಕೆ ಕಾಲಿಡುವ ವಾರದ ಗ್ರಹ ಮಂತ್ರಿ, ಆರಿದ್ರೆ ಹುಟ್ಟುವ ವಾರದ ಗ್ರಹ ಮೇಘಾಧಿಪತಿ. 2026ರ ಯುಗಾದಿ ಗುರುವಾರ ಬಂದದ್ದರಿಂದ ಆ ವರ್ಷಕ್ಕೆ ಗುರು ರಾಜ. ಇದರಿಂದ ಮಳೆಯ ಪ್ರಮಾಣ ತಿಳಿಯುತ್ತದೆ ಎಂಬುದಕ್ಕೆ ಆಧಾರವಿಲ್ಲ. ಆದರೆ ಊರಿಗೆ ಊರೇ ಒಂದು ಕಡೆ ಕುಳಿತು ಬರುವ ವರ್ಷದ ಮಳೆ ನಕ್ಷತ್ರಗಳ ತಾರೀಖುಗಳನ್ನು ಕಿವಿಗೆ ಹಾಕಿಕೊಳ್ಳುವ ಏಕೈಕ ಸಂದರ್ಭ ಅದು. ಅಚ್ಚಿನ ಪಂಚಾಂಗ ಮನೆಮನೆಗೆ ಬರುವ ಮೊದಲು ಬೇಸಾಯದ ವೇಳಾಪಟ್ಟಿ ಹರಡುತ್ತಿದ್ದುದು ಹೀಗೆಯೇ.

ವರ್ಷಗಳನ್ನು ಎಣಿಸಲು ಅರವತ್ತು ಸಂವತ್ಸರಗಳ ಚಕ್ರವಿದೆ. ಪ್ರಭವ 1987ರಲ್ಲಿ ಬಂದಿತ್ತು, 2025 ವಿಶ್ವಾವಸು, 2026 ಪರಾಭವ. ಚಕ್ರ ತಿರುಗಿದಾಗ ಅದೇ ಹೆಸರು ಮತ್ತೆ ಬರುವುದರಿಂದ ಶಾಸನಗಳಲ್ಲಿ ಶಕವರ್ಷದ ಸಂಖ್ಯೆಯನ್ನೂ ಜೊತೆಗೆ ಹಾಕುತ್ತಿದ್ದರು. ಬಿ. ಎಲ್. ರೈಸ್ ಸಂಪಾದಿಸಿ 1904ರಲ್ಲಿ ಹೊರತಂದ ಎಪಿಗ್ರಾಫಿಯಾ ಕರ್ನಾಟಿಕದ ಹನ್ನೆರಡನೆಯ ಸಂಪುಟದಲ್ಲಿ ಈ ತಾಲ್ಲೂಕುಗಳಿರುವ ತುಮಕೂರು ಜಿಲ್ಲೆಯ ಶಾಸನಗಳಿವೆ. ದಾನ ಕೊಟ್ಟ ದಿನವನ್ನು ಅವು ಶಕವರ್ಷ, ಸಂವತ್ಸರ, ಮಾಸ, ಪಕ್ಷ, ತಿಥಿ, ವಾರ ಎಂದು ಒಂದರ ಮೇಲೊಂದು ಗುರುತು ಹಾಕಿ ಹೇಳುತ್ತವೆ. ವಿಘ್ನಸಂತೆಯ 1286ನೇ ಇಸವಿಯೆಂದರೆ ಶಕ 1208, ವ್ಯಯ ಸಂವತ್ಸರ. ಅದೇ ವ್ಯಯ 1946ರಲ್ಲಿ, 2006ರಲ್ಲಿ ಮತ್ತೆ ಬಂತು. ಗುರುತುಗಳು ಆರಿದ್ದರೆ ಒಂದು ಸವೆದುಹೋದರೂ ಉಳಿದವುಗಳಿಂದ ದಿನವನ್ನು ಹುಡುಕಬಹುದು, ಕೆತ್ತಿದವನ ತಪ್ಪನ್ನೂ ಹಿಡಿಯಬಹುದು. ದಾನದ ಅವಧಿಗೆ ಮಾತ್ರ ಇಸವಿಯಿಲ್ಲ. ಅದು ಆಚಂದ್ರಾರ್ಕ, ಸೂರ್ಯಚಂದ್ರರು ಇರುವ ತನಕ. ಭಾರತ ಸರ್ಕಾರ ಮೇಘನಾದ ಸಹಾ ಅವರ ಅಧ್ಯಕ್ಷತೆಯ ಸಮಿತಿಯ ಸಲಹೆಯಂತೆ 1957ರ ಮಾರ್ಚ್ 22ರಿಂದ ಇದೇ ಶಕವರ್ಷವನ್ನು ಸೌರ ತಿಂಗಳುಗಳೊಂದಿಗೆ ರಾಷ್ಟ್ರೀಯ ಪಂಚಾಂಗವಾಗಿ ಜಾರಿಗೆ ತಂದಿತು. ಆಕಾಶವಾಣಿಯಲ್ಲೂ ರಾಜ್ಯಪತ್ರದಲ್ಲೂ ಅದರ ತಾರೀಖು ಕೇಳಿಬರುತ್ತದೆ, ಹೊಲದಲ್ಲಿ ಮಾತ್ರ ಬಳಕೆಗೆ ಬರಲಿಲ್ಲ.

ಇನ್ನು ದಿನದೊಳಗಿನ ಹೊತ್ತು. ಹಳೆಯ ಲೆಕ್ಕದಲ್ಲಿ ಸೂರ್ಯೋದಯದಿಂದ ಸೂರ್ಯೋದಯಕ್ಕೆ 60 ಗಳಿಗೆ. ಗಳಿಗೆಗೆ 24 ನಿಮಿಷ, ಏಳೂವರೆ ಗಳಿಗೆಗೆ ಒಂದು ಜಾವ. ತಿಪಟೂರಿನಲ್ಲಿ ಜೂನ್ ಕೊನೆಯ ಹಗಲು ಸುಮಾರು 32 ಗಳಿಗೆ, ಡಿಸೆಂಬರ್ ಕೊನೆಯದು 28 ಗಳಿಗೆ. ಗಳಿಗೆಯನ್ನು ಅಳೆಯುತ್ತಿದ್ದುದು ತಳದಲ್ಲಿ ಸಣ್ಣ ತೂತಿರುವ ತಾಮ್ರದ ಗಳಿಗೆ ಬಟ್ಟಲಿನಿಂದ. ನೀರಿನ ಮೇಲೆ ಇಟ್ಟ ಬಟ್ಟಲು ತುಂಬಿ ಮುಳುಗಿದರೆ ಒಂದು ಗಳಿಗೆ. ಮದುವೆಯ ಮುಹೂರ್ತಕ್ಕೂ ಇದನ್ನೇ ನಂಬಿಕೊಂಡಿದ್ದರು. ತೆಂಗು ಬೆಳೆಯುವ ಇತರ ನಾಡುಗಳಲ್ಲಿ ಈ ಬಟ್ಟಲಿನ ಕೆಲಸವನ್ನು ಕರಟವೇ ಮಾಡಿದೆ. ನಿಸರ್ಗ ವಿಜ್ಞಾನಿ ಆಲ್ಫ್ರೆಡ್ ರಸೆಲ್ ವ್ಯಾಲೇಸ್ 1856ರ ಕೊನೆಯಲ್ಲಿ ಇಂದಿನ ಇಂಡೋನೇಷ್ಯಾದ ಮಕಾಸ್ಸರ್‌ನಿಂದ ‘ಆರು’ ಎಂಬ ಹೆಸರಿನ ದ್ವೀಪಗಳ ಕಡೆಗೆ ದೇಸಿ ಹಡಗಿನಲ್ಲಿ ಹೊರಟಾಗ ಅಂಥದ್ದನ್ನು ಕಂಡ. ಅರ್ಧ ಬಕೆಟ್ ನೀರಿನಲ್ಲಿ ಚೆನ್ನಾಗಿ ಹೆರೆದು ನಯ ಮಾಡಿದ ಅರ್ಧ ಕರಟ, ಅದರ ತಳದಲ್ಲಿ ದಾರದಷ್ಟು ಸಣ್ಣ ನೀರು ಚಿಮ್ಮುವ ತೂತು. ಅದು ಮುಳುಗಲು ಸರಿಯಾಗಿ ಒಂದು ಗಂಟೆ. ತನ್ನ ಗಡಿಯಾರದೊಂದಿಗೆ ಹೋಲಿಸಿ ನೋಡಿದ ವ್ಯಾಲೇಸ್‌ಗೆ ಗಂಟೆಗೆ ಒಂದು ನಿಮಿಷದ ವ್ಯತ್ಯಾಸವೂ ಸಿಗಲಿಲ್ಲ.

ಹೊಲದಲ್ಲಿ ದುಡಿಯುವವರಿಗೆ ಬಟ್ಟಲೂ ಬೇಡ. ಕೋಳಿ ಕೂಗುವ ಹೊತ್ತು, ಮಬ್ಬು ಹರಿಯುವ ಹೊತ್ತು, ಎಳೆ ಬಿಸಿಲು, ಹೊತ್ತು ಮಾರುದ್ದ ಏರಿದಾಗ, ಆರು ಬಿಡುವ ಹೊತ್ತು, ನಡುಮಧ್ಯಾಹ್ನ, ಇಳಿಹೊತ್ತು, ದನ ಬರುವ ಹೊತ್ತು, ದೀಪ ಹಚ್ಚುವ ಹೊತ್ತು, ಸರಿರಾತ್ರಿ. ಇವು ಗಂಟೆಗಳಲ್ಲ, ಕೆಲಸದ ಗುರುತುಗಳು. ಆರು ಬಿಡುವ ಹೊತ್ತು ಎತ್ತಿಗೆ ಬಿಸಿಲು ತಾಕುವ ಹೊತ್ತೇ ಹೊರತು ಬೇರೆಯಲ್ಲ. ನೆರಳೂ ಒಂದು ಗುರುತು. ಈ ಅಕ್ಷಾಂಶದಲ್ಲಿ ಸೂರ್ಯ ಏಪ್ರಿಲ್ 25ರ ಸುಮಾರಿಗೂ ಆಗಸ್ಟ್ 17ರ ಸುಮಾರಿಗೂ ನೆತ್ತಿಯ ಮೇಲೆ ನೇರ ಬರುತ್ತಾನೆ. ಆ ಎರಡು ದಿನಗಳ ನಡುವೆ ನಡುಮಧ್ಯಾಹ್ನ ತೆಂಗಿನ ನೆರಳು ದಕ್ಷಿಣಕ್ಕೆ ಬೀಳುತ್ತದೆ, ಉಳಿದ ಎಂಟು ತಿಂಗಳು ಉತ್ತರಕ್ಕೆ.

ಗಡಿಯಾರದ ಸಮಯ ಇಲ್ಲಿಗೆ ರೈಲಿನ ಜೊತೆ ಬಂತು. ಬೆಂಗಳೂರಿನಿಂದ ತುಮಕೂರು, ತಿಪಟೂರು, ಅರಸೀಕೆರೆಯ ಮೇಲೆ ಹರಿಹರಕ್ಕೆ ಹೋಗುವ ಮಾರ್ಗ 1880ರ ದಶಕದಲ್ಲಿ ಹಾಕಿದ್ದು. ಆಗ ರೈಲು ಓಡುತ್ತಿದ್ದುದು ಮದ್ರಾಸ್ ಸಮಯಕ್ಕೆ. 1906ರ ಜನವರಿ 1ರಿಂದ ಭಾರತೀಯ ಪ್ರಮಾಣ ಸಮಯ ಬಂತು. ಅದು ಪೂರ್ವ ರೇಖಾಂಶ 82½ ಡಿಗ್ರಿಯ ಸಮಯ. ತಿಪಟೂರು ಇರುವುದು 76½ ಡಿಗ್ರಿಯ ಬಳಿ. ನಡುವಿನ ಆರು ಡಿಗ್ರಿಗೆ, ಡಿಗ್ರಿಗೆ ನಾಲ್ಕು ನಿಮಿಷದಂತೆ, 24 ನಿಮಿಷ, ಅಂದರೆ ಸರಿಯಾಗಿ ಒಂದು ಗಳಿಗೆ. ಬಾನುಲಿಯಲ್ಲಿ ಮಧ್ಯಾಹ್ನ 12 ಗಂಟೆ ಎಂದು ಹೇಳಿದಾಗ ತಿಪಟೂರಿನಲ್ಲಿ ಸೂರ್ಯ ನಡುನೆತ್ತಿಗೆ ಬರಲು ಸರಾಸರಿ ಒಂದು ಗಳಿಗೆ ಬಾಕಿ. ಭೂಮಿಯ ಓಟ ವರ್ಷವಿಡೀ ಒಂದೇ ವೇಗದಲ್ಲಿರುವುದಿಲ್ಲ, ಅದರ ಅಕ್ಷವೂ ವಾಲಿದೆ. ಹೀಗಾಗಿ ನಿಜವಾದ ನಡುಹಗಲು ನವೆಂಬರ್ ಮೊದಲಲ್ಲಿ 12 ಗಂಟೆ 8 ನಿಮಿಷಕ್ಕೂ ಫೆಬ್ರವರಿಯಲ್ಲಿ 12 ಗಂಟೆ 38 ನಿಮಿಷಕ್ಕೂ ಆಗುತ್ತದೆ. ಬೇರೆ ಊರಿಗೆ ಲೆಕ್ಕ ಮಾಡಿದ ಪಂಚಾಂಗದಲ್ಲಿರುವ ಗಳಿಗೆಯನ್ನು ಗಂಟೆಗೆ ತಿರುಗಿಸುವವರು ಈ ವ್ಯತ್ಯಾಸ ಮರೆಯಬಾರದು.

ವಾರದ ಲೆಕ್ಕವನ್ನು ಸಂತೆ ನಡೆಸುತ್ತದೆ. ಕೂಲಿ, ಸಾಲದ ಕಂತು, ತರಕಾರಿ ಎಲ್ಲವೂ ಸಂತೆಯಿಂದ ಸಂತೆಗೆ. ಸೋಮವಾರ ಬಸವನ ದಿನವೆಂದು ಎತ್ತಿಗೆ ನೊಗ ಹಾಕದ ಮನೆಗಳು ಈಗಲೂ ಇವೆ. ಕೊಬ್ಬರಿಗೆ ವಾರದಲ್ಲಿ ಎರಡು ದಿನ ಮುಖ್ಯ: ತಿಪಟೂರಿನ ಕೃಷಿ ಉತ್ಪನ್ನ ಮಾರುಕಟ್ಟೆಯಲ್ಲಿ ಹರಾಜು ನಡೆಯುವ ದಿನಗಳು.

ಕಡೆಯದು ಮರದ ಲೆಕ್ಕ, ಎಲ್ಲಕ್ಕಿಂತ ಉದ್ದನೆಯದು. ಬಲಿತ ತಿಪಟೂರು ಎತ್ತರ ತಳಿಯ ತೆಂಗು ವರ್ಷಕ್ಕೆ 12ರಿಂದ 14 ಗರಿ ಬಿಡುತ್ತದೆ, ಸರಿಸುಮಾರು ತಿಂಗಳಿಗೊಂದು. ಪ್ರತಿ ಗರಿಯ ಕಂಕುಳಲ್ಲಿ ಒಂದು ಹೊಂಬಾಳೆ. ಮರದ ತಲೆಯನ್ನು ಮೇಲಿನಿಂದ ಕೆಳಕ್ಕೆ ನೋಡುತ್ತಾ ಬಂದರೆ ನಡುವೆ ಇನ್ನೂ ಬಿಚ್ಚದ ಸುಳಿ, ಅದರ ಸುತ್ತ ಎಳೆಗರಿ, ಕೆಳಗೆ ಹೊಂಬಾಳೆಯ ಕತ್ತಿಯಂಥ ಒರೆ, ಅದರ ಕೆಳಗೆ ಈಗಷ್ಟೇ ಒಡೆದ ಹಳದಿ ಹೂಗೊಂಚಲು, ಆಮೇಲೆ ಅಡಿಕೆ ಗಾತ್ರದ ಹರಳು, ಮುಷ್ಟಿ ಗಾತ್ರದ ಕಾಯಿ, ಎಳನೀರು, ತಿಳಿಗಾಯಿ, ಕೊನೆಗೆ ಸಿಪ್ಪೆ ಕಂದು ತಿರುಗಿದ ಬಲಿತ ಗೊನೆ. ಒಂದೊಂದು ಗೊನೆಯೂ ಮೇಲಿನದಕ್ಕಿಂತ ಒಂದು ತಿಂಗಳು ಹಿರಿದು. ಹೂವಿನಿಂದ ಬಲಿತ ಕಾಯಿಗೆ 12 ತಿಂಗಳು ಬೇಕಾದ್ದರಿಂದ ವರ್ಷದ ಎಲ್ಲ ತಿಂಗಳುಗಳೂ ಒಂದೇ ಮರದ ತಲೆಯಲ್ಲಿ ಒಟ್ಟಿಗೆ ತೂಗುತ್ತಿರುತ್ತವೆ. ಉದುರಿದ ಗರಿಯ ಗುರುತು ಕಾಂಡದ ಮೇಲೆ ಉಂಗುರವಾಗಿ ಉಳಿಯುತ್ತದೆ. ಹನ್ನೆರಡು-ಹದಿಮೂರು ಉಂಗುರಕ್ಕೆ ಒಂದು ವರ್ಷ ಎಂದು ಹಿಡಿದು, ಉಂಗುರಗಳ ನಡುವಿನ ಅಂತರ ನೋಡಿದರೆ ಮರ ಯಾವ ವರ್ಷಗಳಲ್ಲಿ ಹಿಗ್ಗಿತ್ತು, ಯಾವ ವರ್ಷಗಳಲ್ಲಿ ಸೊರಗಿತ್ತು ಎಂಬುದನ್ನು ಅಂದಾಜು ಮಾಡಬಹುದು.

ಹೊಂಬಾಳೆ ಕಣ್ಣಿಗೆ ಕಾಣುವುದಕ್ಕೂ ಎಷ್ಟೋ ಮೊದಲೇ ಅದರ ಕಾಲ ಆರಂಭವಾಗಿರುತ್ತದೆ. ಸುಳಿಯ ಒಳಗೆ ಹೂಗೊಂಚಲಿನ ಮೊದಲ ಅಂಕುರ ಮೂಡುವುದು ಅದು ಒಡೆಯುವ ಸುಮಾರು 32 ತಿಂಗಳ ಹಿಂದೆ. ಅದಕ್ಕೆ ಕಾಯಿ ಬಲಿಯುವ 12 ತಿಂಗಳು ಸೇರಿಸಿದರೆ 44 ತಿಂಗಳು. ಕಾಸರಗೋಡಿನಲ್ಲಿ 1916ರಲ್ಲಿ ತೆಂಗಿನ ಸಂಶೋಧನಾ ಕೇಂದ್ರವಾಗಿ ಆರಂಭವಾದ ಇಂದಿನ ಕೇಂದ್ರೀಯ ತೋಟಗಾರಿಕೆ ಬೆಳೆಗಳ ಸಂಶೋಧನಾ ಸಂಸ್ಥೆ ಈ ವಿಷಯದಲ್ಲಿ ಬಹಳ ಕೆಲಸ ಮಾಡಿದೆ. ಬರದ ಪೆಟ್ಟು ಅದೇ ವರ್ಷಕ್ಕೆ ಮುಗಿಯುವುದಿಲ್ಲ, ಮುಂದಿನ ಮೂರು-ನಾಲ್ಕು ವರ್ಷಗಳ ಇಳುವರಿಯಲ್ಲಿ ಕಾಣಿಸಿಕೊಳ್ಳುತ್ತದೆ ಎಂಬುದಕ್ಕೆ ಕಾರಣ ಇದೇ. 2023ರಲ್ಲಿ ರಾಜ್ಯದ 236 ತಾಲ್ಲೂಕುಗಳಲ್ಲಿ 223 ಬರಪೀಡಿತವೆಂದು ಘೋಷಣೆಯಾದವು. ಆ ವರ್ಷದ ಕೊನೆಯಲ್ಲಿ ಸುಳಿಯೊಳಗೆ ಮೂಡಿದ ಅಂಕುರದ ಕಾಯಿ ಬಲಿಯುವುದು 2027ರ ನಡುವಿಗೆ. ರಾಗಿಯ ಹೊಲ ಒಂದು ಒಳ್ಳೆಯ ಮಳೆಗೆ ಬರವನ್ನು ಮರೆಯುತ್ತದೆ, ತೆಂಗು ಮರೆಯುವುದಿಲ್ಲ.

ಕಾಯಿ ಕಿತ್ತ ಮೇಲೂ ತೆಂಗಿನ ಸೀಮೆಯ ಲೆಕ್ಕ ನಿಲ್ಲುವುದಿಲ್ಲ. ಬೇರೆ ಕಡೆ ಕಾಯಿಯನ್ನು ಒಡೆದು ಬಿಸಿಲಿಗೆ ಒಣಗಿಸಿ ಎಣ್ಣೆಗೆ ಕಳಿಸುತ್ತಾರೆ. ಇಲ್ಲಿ ಬಲಿತ ಕಾಯಿಯನ್ನು ಸಿಪ್ಪೆಸಮೇತ ಅಟ್ಟಕ್ಕೆ ಹಾಕಿ, ಎಂಟರಿಂದ ಹನ್ನೆರಡು ತಿಂಗಳು ಹಾಗೇ ಬಿಡುತ್ತಾರೆ. ನೆರಳು ಮತ್ತು ಗಾಳಿಯಲ್ಲಿ ಒಳಗಿನ ನೀರು ನಿಧಾನವಾಗಿ ಇಂಗುತ್ತದೆ. ತಿರುಳು ಗಟ್ಟಿಯಾಗಿ, ಕುಗ್ಗಿ, ಚಿಪ್ಪಿನಿಂದ ಬಿಡಿಸಿಕೊಳ್ಳುತ್ತದೆ. ಹೊತ್ತಾಗಿದೆಯೇ ಎಂದು ತಿಳಿಯಲು ಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸುತ್ತಾರೆ. ನೀರಿನ ಕುಲುಕು ಕೇಳಿದರೆ ಇನ್ನೂ ಕಾಲ ಬೇಕು. ಸದ್ದೇ ಇಲ್ಲದಿದ್ದರೆ ನೀರು ಇಂಗಿದೆ, ಆದರೆ ತಿರುಳು ಚಿಪ್ಪಿಗೆ ಅಂಟಿದೆ. ಗಟ್ಟಿ ವಸ್ತು ಒಳಗೆ ಉರುಳಾಡಿದ ಸದ್ದು ಬಂದರೆ ಉಂಡೆ ಕೊಬ್ಬರಿ ತಯಾರು. ಆಗ ಸುಲಿದು, ಚಿಪ್ಪನ್ನು ಮಚ್ಚಿನ ಹಿಂಬದಿಯಿಂದ ಹುಷಾರಾಗಿ ತಟ್ಟಿ, ಉಂಡೆ ಒಡೆಯದಂತೆ ಬಿಡಿಸುತ್ತಾರೆ. ಹೂವು ಒಡೆದದ್ದರಿಂದ ಕೊಬ್ಬರಿ ಮಾರುಕಟ್ಟೆಗೆ ಬರುವವರೆಗೆ ಹತ್ತಿರಹತ್ತಿರ ಎರಡು ವರ್ಷ. ಕೇಂದ್ರ ಸರ್ಕಾರ ಮಾತ್ರ ಕೊಬ್ಬರಿಯ ಬೆಂಬಲ ಬೆಲೆಯನ್ನು ಇಂಗ್ಲಿಷ್ ಇಸವಿಗೆ ಕಟ್ಟಿ ಘೋಷಿಸುತ್ತದೆ. ಉಂಡೆ ಕೊಬ್ಬರಿಗೆ ಅದು 2024ರ ಹಂಗಾಮಿಗೆ ಕ್ವಿಂಟಲಿಗೆ 12,000 ರೂಪಾಯಿ, 2025ಕ್ಕೆ 12,100 ರೂಪಾಯಿ ಇತ್ತು. ಅಟ್ಟಕ್ಕೆ ಕಾಯಿ ಹಾಕುವವರಿಗೆ ಅದನ್ನು ಇಳಿಸುವ ವರ್ಷದ ಬೆಲೆ ಗೊತ್ತಿರುವುದಿಲ್ಲ. ಹಾಗಾಗಿ ಯಾವ ತಿಂಗಳ ಕಾಯಿ ಯಾವ ಮೂಲೆಯಲ್ಲಿದೆ, ಯಾವ ರಾಶಿಯನ್ನು ಮೊದಲು ಇಳಿಸಬೇಕು ಎಂಬ ಎಣಿಕೆಯೇ ಅವರ ಕೈಯಲ್ಲಿರುವ ಹಿಡಿತ.

ಮಳೆ ನಕ್ಷತ್ರದ ಹದಿಮೂರೂವರೆ ದಿನ ಮತ್ತು ತೆಂಗಿನ ನಲವತ್ತನಾಲ್ಕು ತಿಂಗಳು, ಇವೆರಡನ್ನೂ ಒಂದೇ ಪುಸ್ತಕದಲ್ಲಿ ಬರೆದಿಡುವ ಮನೆಗಳು ಕಡಿಮೆ. ಗ್ರಾಮ ಪಂಚಾಯಿತಿ ಮಟ್ಟದ ಮಳೆಮಾಪಕದ ಅಂಕಿಗಳು ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರದಲ್ಲಿ ಸಿಗುತ್ತವೆ. ತೋಟದ ಸಲಹೆಗೆ ತಿಪಟೂರಿನ ಪಕ್ಕದಲ್ಲೇ ಕೊನೇಹಳ್ಳಿಯ ಕೃಷಿ ವಿಜ್ಞಾನ ಕೇಂದ್ರವಿದೆ. ಆದರೆ ಆಯಾ ತೋಟದಲ್ಲಿ ಯಾವ ಮಳೆಯ ಯಾವ ಪಾದದಲ್ಲಿ ಎಷ್ಟು ನೀರು ಬಿತ್ತು, ಯಾವ ತಿಂಗಳಲ್ಲಿ ಹರಳು ಉದುರಿತು, ಪ್ರತಿ ಕೊಯ್ಲಿನಲ್ಲಿ ಎಷ್ಟು ಕಾಯಿ ಬಂತು ಎಂಬುದನ್ನು ತೋಟದವರೇ ಬರೆಯಬೇಕು. ತೆಂಗಿನ ಸೀಮೆಯ ಕೇಳುಗರು ಬರುವ ಅಶ್ವಿನಿಯಿಂದಲೇ ಒಂದು ನೋಟ್‌ಬುಕ್ಕಿನಲ್ಲಿ ಈ ಮೂರು ಅಂಕಿಗಳನ್ನು ಬರೆಯಲು ಆರಂಭಿಸಲಿ, ಕನಿಷ್ಠ ನಾಲ್ಕು ವರ್ಷ ಬಿಡದೆ ಬರೆಯಲಿ.